ಒಂದೇ ಕತ್ತರಿ, ಎರಡು ಓಂ ಪುರಿ

ಸಿನಿಮಾ ನೋಡಿ ಬಂದವರನ್ನು ಹೇಗಿತ್ತು ಅಂತ ಕೇಳಿ. ಹೀರೊ, ಹಾಡು, ಫೈಟು, ಕ್ಯಾಮರಾ ಎಲ್ಲ ಹೇಳ್ತಾರೆ. ಎಡಿಟಿಂಗ್ ಬಗ್ಗೆ ಬಾಯಿ ಬಿಡೋದು 'ಸ್ವಲ್ಪ ಲ್ಯಾಗ್ ಆಯ್ತು' ಅನ್ನೋಕೆ ಮಾತ್ರ. ನಾನೂ ಅದೇ ಗುಂಪಿನವನು. ರೇಣು ಸಲೂಜಾ ಎಂಬ ಹೆಸರು ನನ್ನ ತಲೆಯಲ್ಲಿ ಕೂತಿದ್ದು ಎರಡು ಹಿಂದಿ ಸಿನಿಮಾಗಳನ್ನು ಒಂದರ ಹಿಂದೊಂದು ನೋಡಿದ ಮೇಲೆ. ಕುಂದನ್ ಶಾ ಅವರ 'ಜಾನೇ ಭಿ ದೋ ಯಾರೋ', ಗೋವಿಂದ ನಿಹಲಾನಿ ಅವರ 'ಅರ್ಧ ಸತ್ಯ'. ಎರಡೂ 1983ರವು, ಎರಡರಲ್ಲೂ ಓಂ ಪುರಿ ಇದ್ದಾರೆ, ಎರಡಕ್ಕೂ ರೇಣು ಅವರದೇ ಎಡಿಟಿಂಗ್.

ಮೊದಲನೆಯದರಲ್ಲಿ ಓಂ ಪುರಿ ಕುಡುಕ ಬಿಲ್ಡರ್. ರಸ್ತೆಯಲ್ಲಿ ಶವಪೆಟ್ಟಿಗೆ ನಿಂತಿದೆ. ಈ ಪುಣ್ಯಾತ್ಮ ಅದನ್ನು ಕೆಟ್ಟು ನಿಂತ ಕಾರು ಅಂದ್ಕೊಂಡು ಒಳಗಿರೋ ಹೆಣದ ಜೊತೆ ಮಾತಿಗಿಳೀತಾನೆ! ಇಂಥ ಕಡೆ ಒಂದು ಕ್ಷಣ ಮೊದಲೇ ಕತ್ತರಿಸಿದರೆ ನಗು ಹುಟ್ಟಲ್ಲ, ಒಂದು ಕ್ಷಣ ತಡವಾದರೆ ಹಳಸುತ್ತೆ. 'ಅರ್ಧ ಸತ್ಯ'ದಲ್ಲಿ ಅದೇ ಮನುಷ್ಯ ಪೊಲೀಸ್ ಸಬ್ ಇನ್‌ಸ್ಪೆಕ್ಟರ್. ಸ್ಮಿತಾ ಪಾಟೀಲ್ ಎದುರು ಪುಸ್ತಕ ಹಿಡಿದು ಕವಿತೆ ಓದೋಕೆ ಶುರು ಮಾಡ್ತಾನೆ. ಓದ್ತಾ ಓದ್ತಾ ಅದು ತನ್ನದೇ ಕಥೆ ಅಂತ ಅವನಿಗೆ ಹೊಳೆಯುತ್ತೆ. ಅಲ್ಲಿ ಕತ್ತರಿಗೆ ಯಾವ ಅವಸರವೂ ಇಲ್ಲ.

ನಮ್ಮೂರ ನಾಟಕದ ಹಾರ್ಮೋನಿಯಂ ಮೇಷ್ಟ್ರು ನೆನಪಾದರು. ಭೀಮ ಮಾತು ಎಳೆದರೆ ಶ್ರುತಿ ಹಿಡಿದು ಮುಂದಕ್ಕೆ ತಳ್ಳೋರು. ದುರ್ಯೋಧನ ಚೆನ್ನಾಗಿ ಹಾಡ್ತಿದ್ದರೆ ಇನ್ನೊಂದು ಸುತ್ತು ಬಿಡೋರು. ಶಿಳ್ಳೆ ಮಾತ್ರ ಪಾತ್ರಧಾರಿಗಳಿಗೆ.

ಪುಣೆಯ ಫಿಲ್ಮ್ ಇನ್‌ಸ್ಟಿಟ್ಯೂಟಿನಲ್ಲಿ ಎಡಿಟಿಂಗ್ ಕಲಿತ ರೇಣು, ಮುಂದೆ 'ಪರಿಂದಾ', 'ಧಾರಾವಿ', 'ಸರ್ದಾರ್', 'ಗಾಡ್‌ಮದರ್' ಚಿತ್ರಗಳಿಗೆ ರಾಷ್ಟ್ರಪ್ರಶಸ್ತಿ ಪಡೆದರು. ನಿರ್ದೇಶಕರನ್ನು ಅಳೆಯೋ ಹಾಗೆ 'ಇವರ ಶೈಲಿ ಯಾವುದು' ಅಂತ ಹುಡುಕಿದರೆ ಇವುಗಳಲ್ಲಿ ಏನೂ ಸಿಗಲ್ಲ. ಆ ಅಳತೆಗೋಲೇ ತಪ್ಪು. ಸಿನಿಮಾದಿಂದ ಸಿನಿಮಾಕ್ಕೆ ಅವರು ಎಷ್ಟು ಬದಲಾದರು ಅನ್ನೋದೇ ಅವರ ದೊಡ್ಡಸ್ತಿಕೆ. ಹಾಗಂತ ಎಲ್ಲ ಸರಿ ಅಂತಲ್ಲ. 'ಜಾನೇ ಭಿ ದೋ ಯಾರೋ' ನಡುವೆ ಒಂದಿಷ್ಟು ಎಳೆಯುತ್ತೆ, ನಾನಂತೂ ಆಕಳಿಸಿದೆ. ಆದರೆ ಕೊನೆಯ ಮಹಾಭಾರತ ನಾಟಕದ ಗದ್ದಲದಲ್ಲಿ ಅಷ್ಟೊಂದು ಜನ ವೇದಿಕೆಗೆ ನುಗ್ಗಿದರೂ ಯಾರು ಯಾರನ್ನು ಅಟ್ಟಿಸಿಕೊಂಡು ಹೋಗ್ತಿದ್ದಾರೆ ಅನ್ನೋದು ಒಮ್ಮೆಯೂ ತಪ್ಪಲ್ಲ.

2000ದಲ್ಲಿ, ಐವತ್ತು ತುಂಬೋ ಮೊದಲೇ ರೇಣು ತೀರಿಕೊಂಡರು. ಈ ಎರಡು ಸಿನಿಮಾ ಒಟ್ಟಿಗೆ ಸಿಕ್ಕರೆ ಒಂದೇ ದಿನ ನೋಡಿ. 'ಲ್ಯಾಗ್' ಬಿಟ್ಟು ಎಡಿಟಿಂಗ್ ಬಗ್ಗೆ ಹೇಳೋಕೆ ಇನ್ನೂ ನಾಲ್ಕು ಮಾತು ನಿಮಗೇ ಸಿಗುತ್ತೆ.