ಆಜ್ಞೆಯೂ ಅಪರಾಧವೂ: ಒಂದು ಜಪಾನೀ ನಾಟಕದ ವಿಮರ್ಶೆ

ಜಪಾನಿನಲ್ಲಿ ದೂರದರ್ಶನವು 1953ರಲ್ಲಿ ಆರಂಭವಾಯಿತು. ಆರು ವರ್ಷ ತುಂಬುವುದರೊಳಗೆ, 1958ನೆಯ ಅಕ್ಟೋಬರ್ 31ರಂದು, ‘ವತಾಶಿ ವಾ ಕೈ ನಿ ನರಿತೈ’, ಎಂದರೆ ‘ನಾನು ಕಪ್ಪೆಚಿಪ್ಪಾಗಬೇಕು’, ಎಂಬ ನಾಟಕವು ಅದರಲ್ಲಿ ಪ್ರಸಾರವಾಯಿತು. ಬರೆದವರು ‘ರಾಶೋಮನ್’ ಚಿತ್ರಕಥೆಯಲ್ಲಿ ಕುರೊಸಾವಾ ಅವರೊಡನೆ ಕೈಗೂಡಿಸಿದ್ದ ಹಾಶಿಮೊಟೊ ಶಿನೊಬು. ನಿರ್ದೇಶಕರು ಒಕಾಮೊಟೊ ಯೋಶಿಹಿಕೊ.

ಕಥೆಯು ಸರಳವಾದುದು. ತೊಸಾ ಪ್ರಾಂತದ ತೊಯೊಮಾತ್ಸು ಎಂಬ ಕ್ಷೌರಿಕನು ಸೈನ್ಯಕ್ಕೆ ಕರೆಯಲ್ಪಡುತ್ತಾನೆ. ಸೆರೆಸಿಕ್ಕಿದ ಅಮೆರಿಕದ ವೈಮಾನಿಕನನ್ನು ಕಟ್ಟಿಹಾಕಿ, ಬಂದೂಕದ ಮೊನೆಯಿಂದ ಇರಿಯುವಂತೆ ಇವನಿಗೆ ಆಜ್ಞೆಯಾಗುತ್ತದೆ. ಅಂಜುಬುರುಕನಾದ ಇವನು ಗಾಯವನ್ನು ಮಾತ್ರ ಮಾಡುತ್ತಾನೆ. ಯುದ್ಧಾನಂತರ ಮನೆ ಸೇರಿ ಕತ್ತರಿ ಹಿಡಿದಿದ್ದವನನ್ನು ಬಂಧಿಸಿ, ಯುದ್ಧಾಪರಾಧಿಯೆಂದು ವಿಚಾರಿಸಿ, ಗಲ್ಲಿಗೇರಿಸುತ್ತಾರೆ. ಮರುಜನ್ಮವಿದ್ದರೆ ಮನುಷ್ಯನಾಗದೆ ಕಡಲಾಳದ ಬಂಡೆಗಂಟಿದ ಚಿಪ್ಪಾಗಬೇಕೆಂಬುದೇ ಅವನ ಕೊನೆಯ ಬಯಕೆ.

ನಾಟಕದ ಜೀವವಿರುವುದು ನ್ಯಾಯಸ್ಥಾನದಲ್ಲಿ. ಅಧರ್ಮವಾದ ಆಜ್ಞೆಯನ್ನು ಏಕೆ ನಿರಾಕರಿಸಲಿಲ್ಲವೆಂದು ಕೇಳುವವರಿಗೆ ಆ ಸೈನ್ಯದ ರೀತಿ ತಿಳಿಯದು. ಮೇಲಧಿಕಾರಿಯ ಮಾತೇ ಚಕ್ರವರ್ತಿಯ ಮಾತೆಂದು ಕಲಿತವನಿಗೆ ಆ ಪ್ರಶ್ನೆಯೇ ತಿಳಿಯದು. ಎರಡು ಕಡೆಯವರೂ ಸತ್ಯವನ್ನೇ ಆಡುವುದರಿಂದ ಕರುಣರಸವು ಇಲ್ಲಿ ಗಾಢವಾಗುತ್ತದೆ. ಪಾತ್ರಧಾರಿ ಫ್ರಾಂಕಿ ಸಕಾಯ್ ಅವರು ಹಾಸ್ಯನಟರು, ಜ್ಯಾಜ್ ವಾದ್ಯಗೋಷ್ಠಿಯಲ್ಲಿ ಡ್ರಮ್ ಬಾರಿಸುತ್ತಿದ್ದವರು. ನಗಿಸಬೇಕಾದ ಮುಖವೇ ಕಂಗೆಟ್ಟು ನಿಲ್ಲುವುದನ್ನು ನೋಡುವುದು ಸುಲಭವಲ್ಲ.

ಆದರೆ ಒಂದು ಆಕ್ಷೇಪವನ್ನು ಹೇಳದಿರಲಾಗದು. ಇರಿತವು ಗಾಯದಲ್ಲೇ ನಿಂತುದರಿಂದ ಧರ್ಮಸಂಕಟದ ಮೊನೆ ಮೊಂಡಾಗಿದೆ. ಕೈದಿಯನ್ನು ಕೊಂದವನೇ ಇವನಾಗಿದ್ದರೆ, ಆಜ್ಞೆಯು ಅಪರಾಧವನ್ನು ತೊಳೆಯಬಲ್ಲುದೆ ಎಂಬ ಪ್ರಶ್ನೆಯನ್ನು ಪ್ರೇಕ್ಷಕನು ಎದುರಿಸಲೇಬೇಕಾಗುತ್ತಿತ್ತು. ಈಗಲಾದರೋ ಅವನು ನಿರಪರಾಧಿಗಾಗಿ ಮರುಗಿ, ಶಿಕ್ಷೆಯು ಅತಿಯಾಯಿತೆಂದು ಹೇಳಿ ಎದ್ದುಹೋಗಬಹುದು. ಚಿಪ್ಪಿನ ಬಯಕೆಗೆ ಮೂಲವಾದುದು ಕಾತೊ ತೆತ್ಸುತಾರೊ ಅವರ ಬರಹ. ಆತನು ಯುದ್ಧಕೈದಿಗಳ ಶಿಬಿರದ ಅಧಿಕಾರಿಯಾಗಿದ್ದು, ಮರಣದಂಡನೆಗೆ ಗುರಿಯಾಗಿ, ಬಳಿಕ ಅದರಿಂದ ಪಾರಾದವನು. ಆಜ್ಞೆ ಕೊಡುವ ಸ್ಥಾನದಲ್ಲಿದ್ದವನ ನುಡಿಯನ್ನು ಆಜ್ಞೆ ಪಾಲಿಸುವ ಕಡೆಯ ಸಿಪಾಯಿಯ ಬಾಯಲ್ಲಿಟ್ಟಾಗ ಅನುಕಂಪವು ಬೆಳೆಯಿತು, ಹೊಣೆ ಕರಗಿತು. ಕಟ್ಟುಬಿದ್ದ ವೈಮಾನಿಕನಾದರೋ ಬಹುಮಟ್ಟಿಗೆ ಮೂಕನಾಗಿಯೇ ಉಳಿದಿದ್ದಾನೆ.

1959ರಲ್ಲಿ ಇದನ್ನು ಹಾಶಿಮೊಟೊ ಅವರೇ ಚಲಚ್ಚಿತ್ರವಾಗಿ ನಿರ್ದೇಶಿಸಿದರು. 2008ರ ಚಿತ್ರಕ್ಕಾಗಿ, ತೊಂಬತ್ತನೆಯ ವಯಸ್ಸಿನಲ್ಲಿ, ತಮ್ಮ ಹಳೆಯ ಬರಹವನ್ನು ಮತ್ತೆ ಕೈಗೆತ್ತಿಕೊಂಡು ತಿದ್ದಿದರು.