ಅಜ್ಜಿ, ಕೋಳಿ ಮತ್ತು ಮುಗಿಯದ ರಾತ್ರಿ

ಅಜ್ಜಿಯ ಜಂಬದ ಕಥೆ ಕೇಳದೆ ಬೆಳೆದ ಕನ್ನಡದ ಮಕ್ಕಳು ಕಡಿಮೆ. ತನ್ನ ಕೋಳಿ ಕೂಗಿದರೇನೇ ಬೆಳಗಾಗುವುದು ಎಂದುಕೊಂಡ ಮುದುಕಿ, ಊರವರ ಮೇಲೆ ಮುನಿಸಿಕೊಂಡು ಕೋಳಿಯೊಂದಿಗೆ ಕಾಡು ಸೇರುತ್ತಾಳೆ. ಮರುದಿನವೂ ಸೂರ್ಯ ಹುಟ್ಟುತ್ತಾನೆ, ಊರು ನಗುತ್ತದೆ. ಆ ನಗುವಿನಲ್ಲಿ ಒಂದಿಷ್ಟು ಕ್ರೌರ್ಯವೂ ಇದೆಯೆಂದು ನಮಗೆ ಯಾರೂ ಹೇಳಿಕೊಡಲಿಲ್ಲ.

ಚಿದಾನಂದ ಎಸ್. ನಾಯ್ಕ್ ಅವರ 'ಸೂರ್ಯಕಾಂತಿ ಹೂವಿಗೆ ಮೊದಲು ಗೊತ್ತಾಗಿದ್ದು' ಕಿರುಚಿತ್ರ ಊರಿನಿಂದ ಆ ನಗುವನ್ನು ಕಿತ್ತುಕೊಂಡಿದೆ. ಇಲ್ಲಿ ಅಜ್ಜಿ ಕೋಳಿ ಕದ್ದ ಮೇಲೆ ನಿಜವಾಗಿಯೂ ಬೆಳಗಾಗುವುದಿಲ್ಲ. ಇನ್ನೊಂದು ಬದಲಾವಣೆಯೂ ಇದೆ. ಕಥೆಯ ಕೋಳಿ ಅವಳದು, ಚಿತ್ರದ ಕೋಳಿ ಊರಿನದು. ಹಾಗಾಗಿ ಅವಳ ಮುನಿಸು ಅಪರಾಧವಾಗುತ್ತದೆ. ವೈದ್ಯ ವೃತ್ತಿ ಬಿಟ್ಟು ಸಿನಿಮಾಕ್ಕೆ ಬಂದ ನಾಯ್ಕ್, ಪುಣೆಯ ಫಿಲ್ಮ್ ಇನ್‌ಸ್ಟಿಟ್ಯೂಟಿನ ಒಂದು ವರ್ಷದ ಟಿವಿ ಕೋರ್ಸಿನಲ್ಲಿದ್ದಾಗ ಕೇವಲ 4 ದಿನಗಳಲ್ಲಿ ಚಿತ್ರೀಕರಿಸಿದ 16 ನಿಮಿಷಗಳ ಈ ಚಿತ್ರಕ್ಕೆ 2024ರ ಕಾನ್ ಉತ್ಸವದ ವಿದ್ಯಾರ್ಥಿ ವಿಭಾಗ 'ಲಾ ಸಿನೆಫ್'ನಲ್ಲಿ ಮೊದಲ ಬಹುಮಾನ ಬಂತು.

ಬಹುಮಾನದ ಮಾತು ಹಾಗಿರಲಿ. ಇರುಳಿನಲ್ಲಿ ಒಬ್ಬಂಟಿಯಾಗಿ ಹೊರಟ ಹೆಣ್ಣು ನಮ್ಮ ಸಿನಿಮಾಗಳಲ್ಲಿ ಸಾಮಾನ್ಯವಾಗಿ ಒಂದೇ ಕೆಲಸಕ್ಕೆ ಬರುತ್ತಾಳೆ: ಪ್ರೇಕ್ಷಕರನ್ನು ಹೆದರಿಸಲು. ಬಸವನಗುಡಿಯ ಮರದ ಸಾಲಿನಲ್ಲೋ ಮಲ್ಲೇಶ್ವರದ ಅಡ್ಡರಸ್ತೆಯಲ್ಲೋ ಬೆಳಗಿನ ಜಾವ ಓಡುವ ಹುಡುಗಿಯನ್ನು ತೋರಿಸಿದರೂ ಅಷ್ಟೇ, ಅವಳ ಹಿಂದೆ ಇನ್ನೊಂದು ಹೆಜ್ಜೆ ಸದ್ದು ಕೇಳಿಸಲೇಬೇಕು! ಸಿನಿಮಾದವರನ್ನಷ್ಟೇ ದೂರಿ ಏನು ಪ್ರಯೋಜನ? 2016ರ ಡಿಸೆಂಬರ್ 31ರ ರಾತ್ರಿ ಬೆಂಗಳೂರಿನ ಬ್ರಿಗೇಡ್ ರಸ್ತೆ, ಎಂ.ಜಿ. ರಸ್ತೆಗಳಲ್ಲಿ ಹೆಣ್ಣುಮಕ್ಕಳ ಮೇಲೆ ದೌರ್ಜನ್ಯ ನಡೆದಾಗ, ಅಂದಿನ ಗೃಹ ಸಚಿವ ಜಿ. ಪರಮೇಶ್ವರ್ ಮಾತನಾಡಿದ್ದು ಯುವಜನರ ಪಾಶ್ಚಾತ್ಯ ಉಡುಪಿನ ಬಗ್ಗೆ. ನಾಯ್ಕ್ ಅವರ ಅಜ್ಜಿಗೆ ಇಂಥ ಯಾರ ಅಪ್ಪಣೆಯೂ ಬೇಕಿಲ್ಲ. ಇಲ್ಲಿ ಹೆದರುವುದು ಊರು. ಸೂರಜ್ ಠಾಕೂರ್ ಅವರ ಕ್ಯಾಮೆರಾ ಕತ್ತಲೆಗೆ ಮೈ ಕೊಟ್ಟರೆ, ಅಭಿಷೇಕ್ ಕದಮ್ ಅವರ ಶಬ್ದ ಅದಕ್ಕೆ ಉಸಿರು ಕೊಟ್ಟಿದೆ.

ಒಂದು ತಕರಾರು ಇದೆ. ಕೋಳಿ ಮರಳಿ ಬರಲೆಂದು ಭವಿಷ್ಯವಾಣಿಯ ಹೆಸರಿನಲ್ಲಿ ಅಜ್ಜಿಯ ಮನೆಯವರನ್ನೆಲ್ಲ ಊರಿಂದ ಹೊರಗಟ್ಟುತ್ತಾರೆ. ಒಬ್ಬರ ತಪ್ಪಿಗೆ ಇಡೀ ಮನೆತನಕ್ಕೆ ಬಹಿಷ್ಕಾರ ಹಾಕುವುದು ನಮ್ಮ ಊರುಗಳಿಗೆ ಜಾನಪದವಲ್ಲ, ವರ್ತಮಾನ. ಚಿತ್ರದ ನಿಜವಾದ ಕತ್ತಲೆ ಇರುವುದು ಅಲ್ಲಿ. ಆದರೆ ಇರುಳಿನ ಚೆಲುವಿನಲ್ಲಿ ಮೈಮರೆತ ಚಿತ್ರ ಅಲ್ಲಿ ಹೆಚ್ಚು ಹೊತ್ತು ನಿಲ್ಲುವುದಿಲ್ಲ.

ಮನೆಯಲ್ಲಿ ನೋಡುವವರು ದೀಪ ಆರಿಸಿ ನೋಡುವುದು ಒಳ್ಳೆಯದು.