ಅಂಧಮತ್ಸ್ಯಗಳ ಜಾತಿನಿರ್ಣಯ: ಒಂದು ಲಕ್ಷಣವಿಮರ್ಶೆ

ನೆಲದೊಳಗಣ ನೀರಿನಲ್ಲಿಯೂ ಗುಹೆಗಳಲ್ಲಿಯೂ ಬಾಳುವ ಕಣ್ಣಿಲ್ಲದ ಮೀನುಗಳನ್ನು ‘ಕುರುಡುಮೀನು’ ಎಂದು ಒಂದೇ ಮಾತಿನಲ್ಲಿ ಹೇಳಿ ಮುಗಿಸುವುದುಂಟು. ಹೆಸರು ಸುಲಭವಾದುದು, ಆದರೆ ಇವೆಲ್ಲವೂ ಒಂದೇ ಕುಲದವೆಂಬ ಭ್ರಾಂತಿಗೆ ಅದು ಎಡೆಗೊಡುತ್ತದೆ. ಅಂಧತ್ವವು ಜಾತಿಗೆ ಲಕ್ಷಣವಾಗಬಲ್ಲುದೆ ಎಂಬುದೇ ಇಲ್ಲಿ ವಿಚಾರಣೀಯವಾದ ಅಂಶ.

ಲಕ್ಷಣಕ್ಕೆ ಅವ್ಯಾಪ್ತಿ, ಅತಿವ್ಯಾಪ್ತಿ, ಅಸಂಭವಗಳೆಂಬ ಮೂರು ದೋಷಗಳನ್ನು ತಾರ್ಕಿಕರು ಹೇಳುವರು. ಕಪಿಲವರ್ಣವನ್ನು ಗೋವಿನ ಲಕ್ಷಣವೆಂದರೆ ಬಿಳಿಯ ಹಸು ಹೊರಗುಳಿಯುವುದು. ಕೊಂಬುಳ್ಳುದೆಲ್ಲ ಗೋವೆಂದರೆ ಎಮ್ಮೆಯೂ ಒಳಸೇರುವುದು. ಅಂಧತ್ವಕ್ಕೆ ಈ ಎರಡು ದೋಷಗಳೂ ಒಟ್ಟಿಗೇ ತಟ್ಟುತ್ತವೆ.

ಮೊದಲು ಅತಿವ್ಯಾಪ್ತಿ. ಕೇರಳದ ಕೋಟ್ಟಯಂನ ಬಾವಿಯಲ್ಲಿ ದೊರೆತ ಮೀನೊಂದಕ್ಕೆ 1950ರಲ್ಲಿ ಎ. ಜಿ. ಕೆ. ಮೆನನ್ನರು ಹೊರಾಗ್ಲಾನಿಸ್ ಕೃಷ್ಣೈ ಎಂದು ಹೆಸರಿಟ್ಟರು. ಸುಮಾರು 4 ಸೆಂಟಿಮೀಟರು ಉದ್ದದ, ಕಣ್ಣಾಗಲಿ ವರ್ಣವಾಗಲಿ ಇಲ್ಲದ ಈ ಜೀವಿ ನಮ್ಮ ಕೆರೆಗದ್ದೆಗಳ ಮುರುಗೋಡಿನ ಕುಟುಂಬಕ್ಕೆ ಸೇರಿದುದು. ಅದೇ ಕೇರಳದ ನೆಲದಡಿಯಲ್ಲಿರುವ ರಕ್ತಮಿಕ್ತಿಸ್ ಕುಲದ ಕೆಲವು ಮೀನುಗಳಿಗೂ ಕಣ್ಣು ಕ್ಷೀಣಿಸಿದೆ. ಅವಾದರೋ ಹಾವಿನ ಆಕೃತಿಯ ಬೇರೆಯೇ ಗಣ. (ರಕ್ತಶಬ್ದವನ್ನು ಮಲೆಯಾಳದ ರೂಪದಲ್ಲಿಟ್ಟು ಅದಕ್ಕೆ ಗ್ರೀಕರ ಮತ್ಸ್ಯಶಬ್ದವನ್ನು ಹೊಸೆದ ಈ ಹೆಸರು ಅರಿಸಮಾಸಕ್ಕೆ ಸೊಗಸಾದ ಉದಾಹರಣೆ.) ಮೇಘಾಲಯದ ಜೈಂತಿಯಾ ಬೆಟ್ಟಗಳ ಗುಹೆಯಿಂದ ಬಂದು 2023ರಲ್ಲಿ ನಿಯೋಲಿಸ್ಸೋಕೈಲಸ್ ಪ್ನಾರ್ ಎಂಬ ಹೆಸರು ಪಡೆದುದು ಗೆಂಡೆಯ ಬಳಗದ್ದು; ಅಲ್ಲಿನ ಮೀನು 40 ಸೆಂಟಿಮೀಟರು ಮೀರಿ ಬೆಳೆಯುವುದು. ಈ ಮೂರನ್ನೂ ಒಂದೇ ಹೆಸರಿನ ಕೆಳಗೆ ಇಡುವುದು ಕೊಂಬನ್ನು ಕಂಡು ಎಮ್ಮೆಯನ್ನು ಗೋವೆಂದಂತೆ.

ಅವ್ಯಾಪ್ತಿಯೂ ಸ್ಪಷ್ಟವಾಗಿದೆ. 2011ರಲ್ಲಿ ಪ್ರಕಟವಾದ ಕ್ರಿಪ್ಟೋಗ್ಲಾನಿಸ್ ಶಾಜಿಐ ನೆಲದೊಳಗಿನದಾದರೂ ಅದಕ್ಕೆ ಚರ್ಮದಡಿಯಲ್ಲಿ ಸಣ್ಣ ಕಣ್ಣುಗಳುಂಟು. ಮೇಲೆ ಹೇಳಿದ ಪ್ನಾರ್ ಮೀನಿನಲ್ಲಿಯಂತೂ ಒಂದಕ್ಕೆ ಕಿರಿದಾದ ಕಣ್ಣಿದ್ದರೆ ಇನ್ನೊಂದಕ್ಕೆ ಹೊರಗೆ ಕಣ್ಣೇ ಕಾಣದು.

ಹಾಸನದ ಸಮೀಪದ ದೊಡ್ಡಗದ್ದವಳ್ಳಿಯ ಗುಡಿ ಇಲ್ಲಿ ಒಳ್ಳೆಯ ದೃಷ್ಟಾಂತವಾಗುತ್ತದೆ. ವಿಷ್ಣುವರ್ಧನನ ಕಾಲದಲ್ಲಿ, ಸುಮಾರು 1114ರಲ್ಲಿ, ಕುಲ್ಲಹಣ ರಾಹುತನೂ ಅವನ ಪತ್ನಿ ಸಹಜಾದೇವಿಯೂ ಕೆರೆಯ ಬಳಿ ಕಟ್ಟಿಸಿದ ಈ ಲಕ್ಷ್ಮೀದೇವಿಯ ಗುಡಿ ಚತುಷ್ಕೂಟವಾದುದು. ನಾಲ್ಕು ಗರ್ಭಗುಡಿಗಳಲ್ಲಿಯೂ ಕತ್ತಲೆಯುಂಟು. ಹಾಗೆಂದು ಲಕ್ಷ್ಮಿಯೂ ಕಾಳಿಯೂ ಒಂದೇ ಮೂರ್ತಿಯೆಂದು ಯಾವ ಶಿಲ್ಪಿಯೂ ಹೇಳಲಾರನು. ಕತ್ತಲೆ ಸ್ಥಳದ ಧರ್ಮ. ಮೂರ್ತಿಯನ್ನು ನಿರ್ಣಯಿಸುವುದು ಅದರ ಆಯುಧ, ಆಸನ, ಪರಿವಾರಗಳು. ಮೀನಿನ ಕುರುಡೂ ಅಂತೆಯೇ ಸ್ಥಳದಿಂದ ಬಂದ ಉಪಾಧಿ. ಅದರ ಕುಲವನ್ನು ಹೇಳತಕ್ಕದ್ದು ಎಲುಬಿನ ರಚನೆ ಮತ್ತು ವಂಶಪರಂಪರೆ.

ಈ ವಿವೇಚನೆಯನ್ನು ಬಿಟ್ಟುದರ ಫಲ ಹೊರದೇಶದಲ್ಲಿ ಕಂಡುಬಂದಿದೆ. ಮೆಕ್ಸಿಕೋದ ಗುಹಾಮತ್ಸ್ಯವೊಂದಕ್ಕೆ 1936ರಲ್ಲಿ ಹಬ್ಸ್ ಮತ್ತು ಇನ್ನೆಸ್ ಎಂಬ ವಿದ್ವಾಂಸರು ಅನಾಪ್ಟಿಕ್ತಿಸ್, ಎಂದರೆ ಕಣ್ಣಿಲ್ಲದ ಮೀನು, ಎಂಬ ಹೊಸ ಕುಲವನ್ನೇ ಕಲ್ಪಿಸಿದರು. ಅದು ಹೊರಗಿನ ಹೊಳೆಗಳ ಕಣ್ಣುಳ್ಳ ಅಸ್ಟಿಯಾನಾಕ್ಸಿನೊಡನೆ ಕೂಡಿ ಸಂತಾನವನ್ನು ಪಡೆಯುವುದೆಂದು ತಿಳಿದ ಮೇಲೆ ಆ ಕುಲವನ್ನು ಕೈಬಿಡಬೇಕಾಯಿತು. ಇನ್ನೂ ಆಶ್ಚರ್ಯಕರವಾದ ಸಂಗತಿ 2008ರಲ್ಲಿ ಪ್ರಕಟವಾಯಿತು. ಬೇರೆಬೇರೆ ಗುಹೆಗಳ ಎರಡು ಕುರುಡುಮೀನುಗಳನ್ನು ಕೂಡಿಸಿದರೆ ಕೆಲವು ಮರಿಗಳಿಗೆ ದೃಷ್ಟಿ ಬರುತ್ತದೆ. ಒಂದು ಗುಹೆಯಲ್ಲಿ ಕೆಟ್ಟ ಬೀಜಾಂಶ ಇನ್ನೊಂದರಲ್ಲಿ ಕೆಡದೆ ಉಳಿದಿರುವುದೇ ಇದಕ್ಕೆ ಕಾರಣ. ಕಾರ್ಯ ಒಂದೇ ಆಗಿ ಕಂಡರೂ ಕಾರಣಗಳು ಭಿನ್ನವಾಗಬಹುದೆಂಬುದಕ್ಕೆ ಇದಕ್ಕಿಂತ ಬೇರೆ ಪ್ರಮಾಣ ಬೇಡ.

ಮತ್ಸ್ಯವಿಭಾಗವು ಕನ್ನಡನಾಡಿಗೆ ಹೊಸದಲ್ಲ. ದೊಡ್ಡಗದ್ದವಳ್ಳಿಯ ಗುಡಿಯಾಗಿ ಎರಡು ದಶಕ ತುಂಬುವುದರೊಳಗೆ ಚಾಲುಕ್ಯ ಮೂರನೆಯ ಸೋಮೇಶ್ವರನು ಮಾನಸೋಲ್ಲಾಸದ ಮತ್ಸ್ಯವಿನೋದ ಪ್ರಕರಣದಲ್ಲಿ ಸುಮಾರು 35 ಮೀನುಗಳನ್ನು ಹೆಸರಿಸಿ, ಸಮುದ್ರದವು ನದಿಯವು ಎಂದೂ, ಶಲ್ಕವುಳ್ಳವು ಚರ್ಮಮಾತ್ರವುಳ್ಳವು ಎಂದೂ, ಗಾತ್ರವನ್ನು ಹಿಡಿದೂ ವಿಂಗಡಿಸಿದನು. ಇವು ಗಾಳಗಾರನ ವಿಭಾಗಗಳು. ಗಾಳಕ್ಕೆ ಸಾಲುವುವು, ಶಾಸ್ತ್ರಕ್ಕೆ ಸಾಲವು. ಹಾಗಿದ್ದರೂ ಒಂದು ವಿಭಾಗವನ್ನೇ ನಂಬದೆ ಮೂರನ್ನು ಜೊತೆಗೂಡಿಸಿದುದರಲ್ಲಿ ಅರಸನ ಜಾಣ್ಮೆಯಿದೆ. ಈ ಪ್ರಕರಣವನ್ನು 1951ರಲ್ಲಿ ವಿವೇಚಿಸಿದ ಸುಂದರಲಾಲ್ ಹೋರಾ ಅವರ ಹೆಸರೇ ಹೊರಾಗ್ಲಾನಿಸ್ ಎಂಬುದರಲ್ಲಿ ಸೇರಿರುವುದು.

ಆ ಕುಲದಲ್ಲಿ 2012ರ ವೇಳೆಗೆ ಮೂರು ಪ್ರಭೇದಗಳಿಗೆ ಹೆಸರಾಗಿತ್ತು. ಆರು ವರ್ಷಗಳ ಶೋಧದಲ್ಲಿ ಊರವರ ನೆರವಿನಿಂದ ಬಾವಿಬಾವಿಗಳ ಮೀನನ್ನು ಪರೀಕ್ಷಿಸಿ 2023ರಲ್ಲಿ ನಾಲ್ಕನೆಯದನ್ನು ಗೊತ್ತುಮಾಡಿದರು; ಜನರ ಸಹಾಯವನ್ನು ನೆನೆದು ಪೊಪ್ಯುಲಿ ಎಂದು ಕರೆದುದು ಉಚಿತವಾಗಿದೆ. ಹೊರಗಿನ ಆಕಾರದಲ್ಲಿ ಇವುಗಳಿಗೆ ವ್ಯತ್ಯಾಸ ಕಾಣುವುದು ಕಷ್ಟ, ಆನುವಂಶಿಕದ್ರವ್ಯದಲ್ಲಿ ಮಾತ್ರ ಬಹಳ ಅಂತರವುಂಟು. ಇವೆಲ್ಲವೂ ಪಾಲಕ್ಕಾಡಿನ ಕಣಿವೆಯ ದಕ್ಷಿಣಕ್ಕೆ ಮುರಕಲ್ಲಿನ ನೆಲದ ಜಲಾಶಯಗಳಲ್ಲಿ ಮಾತ್ರ ಇರತಕ್ಕವು. ಕುರುಡುಮೀನೆಲ್ಲ ಒಂದೇ ಎಂದು ನಂಬಿದವನಿಗೆ, ಒಂದು ಪ್ರದೇಶದ ಅಂತರ್ಜಲ ಬತ್ತಿ ಅಲ್ಲಿನ ಪ್ರಭೇದ ಅಳಿದರೂ ನಷ್ಟ ತೋರದು. ಬೇರೆಡೆ ಕುರುಡುಮೀನು ಇದೆಯಲ್ಲ ಎಂದುಕೊಳ್ಳುವನು. ಆದರೆ ಲಕ್ಷಾಂತರ ವರ್ಷಗಳಿಂದ ಬೇರೆಯಾಗಿ ಬಂದ ವಂಶಕ್ಕೆ ಮತ್ತೊಂದು ಪ್ರತಿನಿಧಿಯಾಗಲಾರದು.

ಆದುದರಿಂದ ಕನ್ನಡದಲ್ಲಿ ಕುಲನಾಮವೇ ವಿಶೇಷ್ಯವಾಗಿ, ಕುರುಡು ವಿಶೇಷಣವಾಗಿ ನಿಲ್ಲಬೇಕು. ಹೊರಾಗ್ಲಾನಿಸನ್ನು ‘ಕುರುಡು ಮುರುಗೋಡು’ ಎನ್ನಬಹುದು. 2019ರಲ್ಲಿ ಕೊರವನ ನಂಟಿನ ಪಾತಾಳಮತ್ಸ್ಯಗಳಿಗೆ ಏನಿಗ್ಮಚನ್ನ ಎಂಬ ಕುಲವಾಗಿ, ಒಂದಕ್ಕೆ ಆಂಗ್ಲ ಕಥೆಯ ಗಾಲಮ್ಮನ ಹೆಸರೂ ಇನ್ನೊಂದಕ್ಕೆ ಮಹಾಬಲಿಯ ಹೆಸರೂ ಬಂದಿವೆ. ಪಾತಾಳಕ್ಕಿಳಿದ ಚಕ್ರವರ್ತಿಯ ಹೆಸರೇ ಹೆಚ್ಚು ಒಪ್ಪುತ್ತದೆ. ಆದರೆ ಇವಕ್ಕೆ ಕಣ್ಣುಂಟಾದ ಕಾರಣ ‘ಕುರುಡುಕೊರವ’ ಎಂದು ಬರೆಯಕೂಡದು.